ಅಕ್ಕ ಮುಂದೆ, ನಾನು ಹಿಂದೆ

ಕೂಗು ಹಾಕುವಾಗ ಅಕ್ಕನ ಕುತ್ತಿಗೆಯ ಬಲಗಡೆ ಒಂದು ನರ ಬೆರಳಿನಷ್ಟು ದಪ್ಪ ಎದ್ದು ನಿಲ್ಲುತ್ತಿತ್ತು. ಎರಡೂ ಕೈಯನ್ನು ಬಾಯಿಯ ಸುತ್ತ ಹಿಡಿದು, ಮುಖ ಸ್ವಲ್ಪ ಮೇಲೆತ್ತಿ ‘ಕೂ...’ ಎಂದಳೆಂದರೆ ಎದುರು ಗುಡ್ಡದಲ್ಲಿ ಮೇಯುವ ದನವೂ ತಲೆ ಎತ್ತಿ ನೋಡುತ್ತಿತ್ತು. ಮಾತಾಡುವಾಗ ಮಾತ್ರ ಅವಳದು ಒಡಕು ದನಿ.

“ಇಷ್ಟು ಸಣ್ಣ ಗಂಟಲಲ್ಲಿ ಅಷ್ಟು ದೊಡ್ಡ ಕೂಗು ಎಲ್ಲಿಟ್ಟಿದೀಯೇ ಮಾರಾಯ್ತಿ?” ಎಂದು ಎಸ್ಟೇಟಿನ ಹೆಂಗಸರು ಕೇಳುತ್ತಿದ್ದರು.

“ಗಂಡನ ಮೇಲೆ ಕೂಗೋದು ಉಳೀತಲ್ಲ, ಅದೆಲ್ಲ ಅಲ್ಲೇ ಇದೆ” ಎನ್ನುತ್ತಿದ್ದಳು. ಅವಳು ಮದುವೆಯಾಗಿರಲಿಲ್ಲ.

ನಮ್ಮ ಮನೆ ಶೃಂಗೇರಿ ಕಡೆಯ ಸಿರಿಮನೆಯ ಹತ್ತಿರ. ಅಪ್ಪ ಅಮ್ಮ ಇಬ್ಬರೂ ಎಸ್ಟೇಟಿನ ಕೂಲಿಗೆ ಹೋಗಿ ನಮ್ಮನ್ನು ಸಾಕಿದರು. ನಾನು ಏಳನೇ ಕ್ಲಾಸಿಗೆ ಶಾಲೆ ಬಿಟ್ಟವನು. ನ್ಯಾಷನಲ್ ಪಾರ್ಕಿನ ಬೆಟ್ಟ ಹತ್ತಲು ಬರುವವರು ಊರಿನ ಗೈಡ್ ಜೊತೆಯಲ್ಲೇ ಹೋಗಬೇಕು ಎಂಬ ನಿಯಮ ಬಂದಾಗ ಅಕ್ಕ ಅರ್ಜಿ ಹಾಕಿದಳು. ನಮ್ಮ ಕಡೆಯಿಂದ ಹಾಕಿದ ಹೆಂಗಸು ಅವಳೊಬ್ಬಳೇ. ಅರಣ್ಯ ಇಲಾಖೆಯವರು ಕೊಟ್ಟ ಹಸಿರು ಅಂಗಿಯನ್ನು ಸೀರೆಯ ಮೇಲೆ ತೊಟ್ಟು, ಸೆರಗು ಸೊಂಟಕ್ಕೆ ಬಿಗಿದು, ಕಾರ್ಡನ್ನು ಕುತ್ತಿಗೆಗೆ ನೇತುಹಾಕಿಕೊಂಡು ಗೇಟಿನ ಹತ್ತಿರ ನಿಲ್ಲುತ್ತಿದ್ದಳು. ಬಂದವರು ಅವಳನ್ನು ದಾಟಿ, ಸಹಾಯಕ್ಕೆಂದು ಜೊತೆಗಿದ್ದ ನನ್ನ ಹತ್ತಿರ ಬಂದು, “ನೀವಾ ಗೈಡು?” ಎನ್ನುತ್ತಿದ್ದರು.

“ಅವ ಗೈಡಿನ ತಮ್ಮ. ಗೈಡು ಇಲ್ಲಿದೀನಿ, ಸೀರೆ ಉಟ್ಕೊಂಡು” ಎಂದು ಅಕ್ಕ ಹಿಂದಿನಿಂದ ಹೇಳುವಳು. ಅಲ್ಲಿಗೆ ಎಲ್ಲರೂ ನಕ್ಕು, ಬೆಟ್ಟ ಹತ್ತುವ ಮೊದಲೇ ಅವಳ ಮಾತು ಕೇಳುವವರಾಗುತ್ತಿದ್ದರು.

ಬೆಳಿಗ್ಗೆ ಹೋಗಿ ಸಂಜೆಯೊಳಗೆ ಗೇಟಿಗೆ ವಾಪಸು ಬರುವ ದಾರಿ ಅದು. ಮೊದಲು ದಟ್ಟ ಕಾಡು, ಆಮೇಲೆ ಹುಲ್ಲಿನ ಬೋಳುಗುಡ್ಡ, ನಡುನಡುವೆ ಕಣಿವೆಗಳಲ್ಲಿ ಮತ್ತೆ ಕಾಡು. ಯಾರಾದರೂ ಫೋನಿನಲ್ಲಿ ಜೋರಾಗಿ ಹಾಡು ಹಾಕಿದರೆ ಅಕ್ಕ ಬಯ್ಯುತ್ತಿರಲಿಲ್ಲ. “ಹಾಡು ಬೇಕಾದ್ರೆ ನಾನೇ ಹೇಳ್ತೀನಿ. ಆಮೇಲೆ ನೀವೇ ಸಾಕು ಅಂತೀರಿ” ಎನ್ನುತ್ತಿದ್ದಳು. ಓಡುವ ಹುಡುಗರಿಗೆ, “ಬೆಟ್ಟ ಎಲ್ಲೂ ಹೋಗಲ್ಲ. ನೀವು ಬರೋದಕ್ಕೆ ಮುಂಚೆನೂ ಇಲ್ಲೇ ಇತ್ತು” ಎನ್ನುವಳು.

ನಡೆಯುವ ಕ್ರಮ ಅವಳೇ ಮಾಡಿದ್ದು. ಮುಂದೆ ಅವಳು, ಕೊನೆಯಲ್ಲಿ ನಾನು, ಬಂದವರೆಲ್ಲ ನಮ್ಮಿಬ್ಬರ ನಡುವೆ. ಮಂಜು ಕವಿದರೆ ಅವಳು ಮುಂದಿನಿಂದ ‘ಕೂ’ ಎನ್ನುವಳು. ಹಿಂದಿನಿಂದ ನಾನು ‘ಕೂ’ ಎಂದರೆ, ಎಲ್ಲರೂ ನನ್ನ ಮುಂದೆ ಇದ್ದಾರೆ, ನನ್ನ ಹಿಂದೆ ಯಾರೂ ಇಲ್ಲ ಎಂದು ಅರ್ಥ. ನನ್ನ ಕೂಗು ಬಾರದೆ ಅವಳು ಹೆಜ್ಜೆ ಕಿತ್ತಿಡುತ್ತಿರಲಿಲ್ಲ. “ಕಾಲು ಮುರಿದ್ರೂ ಪರವಾಗಿಲ್ಲ, ಕೊನೆಯವರನ್ನು ಬಿಟ್ಟು ನೀನು ಮುಂದೆ ಬರಬೇಡ” ಎಂದು ಮೊದಲ ದಿನವೇ ಹೇಳಿದ್ದಳು.

ಅದೊಂದು ದಿನ ದಾವಣಗೆರೆ ಕಡೆಯ ಒಂದು ಕುಟುಂಬ ಬಂದಿತ್ತು. ಮಗಳು, ಅಳಿಯ, ಅವರ ಕಡೆಯ ಒಂದಷ್ಟು ಹುಡುಗರು, ಜೊತೆಗೆ ಮಗಳ ತಂದೆ. ಅವರು ರಿಟೈರಾದ ಮೇಷ್ಟ್ರು. ಕುತ್ತಿಗೆಗೆ ಕ್ಯಾಮೆರಾ ಹಾಕಿಕೊಂಡು ಪ್ರತಿಯೊಂದು ಹೂವಿನ ಮುಂದೆಯೂ ಕುಕ್ಕರಗಾಲಿನಲ್ಲಿ ಕೂರುತ್ತಿದ್ದರು. ಅಕ್ಕ ಅವರನ್ನು ತನ್ನ ಬೆನ್ನ ಹಿಂದೆಯೇ ಇಟ್ಟುಕೊಂಡು ಹೊರಟಿದ್ದಳು. ಹೂವು ನೋಡುತ್ತ ನೋಡುತ್ತ ಅವರು ಸಾಲಿನ ಕೊನೆಗೆ ಜಾರಿ, ನನ್ನ ಪಾಲಿಗೆ ಬಂದರು.

ಬೋಳುಗುಡ್ಡದ ಏರಿನಲ್ಲಿ ಒಂದು ಬಂಡೆಯಿದೆ. ಇಡೀ ದಾರಿಯಲ್ಲಿ ಫೋನಿಗೆ ಸಿಗ್ನಲ್ ಸಿಗುವುದು ಅಲ್ಲಿ ಮಾತ್ರ. ಹಿಂದಿನ ದಿನ ನಾನು ಜಲಪಾತದ ಒಂದು ವಿಡಿಯೋ ಹಾಕಿದ್ದೆ. ಅದನ್ನು ಎಷ್ಟು ಜನ ನೋಡಿದರು ಎಂದು ನನಗೆ ನೋಡಬೇಕಿತ್ತು. ಅಷ್ಟೇ ಕಾರಣ. ಇದಕ್ಕಿಂತ ದೊಡ್ಡ ಕಾರಣ ಇದ್ದಿದ್ದರೆ ಬರೆಯುವುದು ಸುಲಭವಾಗುತ್ತಿತ್ತು.

“ಬೇಗ ಬನ್ನಿ ಸಾರ್” ಎಂದೆ.

“ನೀ ಮುಂದೆ ನಡಿಯಪಾ. ಇದೊಂದು ತಕ್ಕೊಂಡು ಬಂದೇ ಬಿಡ್ತೀನಿ. ದಾರಿ ಕಾಣ್ತತಲ್ಲ” ಎಂದರು.

ದಾರಿ ಕಾಣುತ್ತಿತ್ತು. ನಾನು ಹೋದೆ. ಬಂಡೆಯ ಹತ್ತಿರ ಫೋನ್ ಎತ್ತಿ ಹಿಡಿದು ನಿಂತಿರುವಾಗಲೇ ಕಣಿವೆಯಿಂದ ಮಂಜು ಎದ್ದು ಬಂತು. ನೋಡನೋಡುತ್ತ ಮುಂದಿದ್ದವರ ಬೆನ್ನು ಮಾಯವಾಯಿತು. ಮೇಲಿನಿಂದ ಅಕ್ಕನ ‘ಕೂ’ ಬಂತು. ಹಿಂದೆ ತಿರುಗಿ ನೋಡಿದೆ. ಬಿಳಿ ಬಿಟ್ಟು ಏನೂ ಇಲ್ಲ. ಬರುತ್ತಿರುತ್ತಾರೆ, ಇನ್ನೆಷ್ಟು ದೂರ ಇದ್ದಾರು ಎಂದುಕೊಂಡೆ. ಉತ್ತರ ಕೊಡದಿದ್ದರೆ ಅವಳು ಇಳಿದು ಬರುತ್ತಾಳೆ, ಎಲ್ಲರೆದುರು ಬಯ್ಯುತ್ತಾಳೆ. ಕೈ ಬಾಯಿಗೆ ಹಿಡಿದು ‘ಕೂ’ ಎಂದೆ.

ಸಾಲು ಮುಂದೆ ಹೋಯಿತು. ನಾನೂ ಹೋದೆ.

ಮೇಲೆ ಬಯಲಿನಲ್ಲಿ ಎಲ್ಲರೂ ಸೇರಿದಾಗ ಮಗಳು, “ಅಪ್ಪಾಜಿ ಎಲ್ಲಿ?” ಎಂದಳು.

“ಹಿಂದೆ ಬರ್ತಿದಾರೆ” ಎಂದೆ.

ಅಕ್ಕ ನನ್ನನ್ನೇ ನೋಡಿದಳು. ಬಯ್ಯಲಿಲ್ಲ. “ಎಲ್ಲರೂ ಕೂತ್ಕೊಳ್ಳಿ. ನಾನು ಬರೋವರೆಗೆ ಒಬ್ಬರೂ ಏಳಬಾರದು” ಎಂದು, ನನ್ನ ಕಿವಿಯ ಹತ್ತಿರ ಬಂದು, “ಎಲ್ಲಿ ಬಿಟ್ಟೆ?” ಎಂದು ಕೇಳಿದಳು.

“ಬಂಡೆಯಿಂದ ಕೆಳಗೆ. ದನದ ದಾರಿ ಕೂಡುತ್ತಲ್ಲ, ಅಲ್ಲಿ.”

ಅವಳ ಮುಖ ಬಿಳಿಚಿಕೊಂಡಿತು. ಆ ದನದ ದಾರಿ ಎಡಕ್ಕೆ ಹೊರಳಿ ಕಣಿವೆಯ ಕಾಡಿಗೆ ಇಳಿಯುತ್ತದೆ. ಮಂಜಿನಲ್ಲಿ ನಮ್ಮ ದಾರಿಗಿಂತ ಅದೇ ಅಗಲವಾಗಿ ಕಾಣುತ್ತದೆ. ಅವಳು ಒಬ್ಬಳೇ ಇಳಿದಳು.

ನಾವು ಹುಲ್ಲಿನ ಮೇಲೆ ಒಬ್ಬರಿಗೊಬ್ಬರು ಅಂಟಿಕೊಂಡು ಕೂತೆವು. ಗಾಳಿ ಬೀಸಿದಾಗ ಮಂಜು ಹರಿದು ಒಂದು ಮರ ಕಾಣುವುದು, ಮತ್ತೆ ಮುಚ್ಚುವುದು. ಕೆಳಗೆ ಅಕ್ಕನ ಕೂಗು ಕೇಳುತ್ತಿತ್ತು. ಒಮ್ಮೆ ಹತ್ತಿರ, ಒಮ್ಮೆ ದೂರ. ಪ್ರತಿ ಕೂಗಿಗೂ ಮಗಳು ಉಸಿರು ಬಿಗಿಹಿಡಿದು ಕಾಯುತ್ತಿದ್ದಳು. ಯಾರೂ ಓಗೊಡಲಿಲ್ಲ. ಆಮೇಲೆ ಅಕ್ಕನ ಕೂಗೂ ನಿಂತಿತು.

“ನೀವು ಹಿಂದೆ ಇದ್ರಲ್ಲ? ನಿಮ್ಮ ಕೂಗು ಕೇಳಿಸ್ತಲ್ಲ?” ಎಂದು ಅಳಿಯ ನನ್ನನ್ನು ಕೇಳಿದ. ನಾನು ಹುಲ್ಲು ಕೀಳುತ್ತ ಕೂತೆ.

ಬೆಳಕು ಕಡಿಮೆಯಾಗುವ ಹೊತ್ತಿಗೆ ಕಣಿವೆಯ ಆಳದಿಂದ ಅವಳ ಕೂಗು ಮತ್ತೆ ಬಂತು. ಸಿಕ್ಕರು ಎಂದು ಆ ದನಿಯಲ್ಲೇ ಗೊತ್ತಾಯಿತು. ನಾನು ಓಗೊಡಬೇಕಿತ್ತು. ಬಾಯಿ ತೆರೆದೆ, ಗಂಟಲಿನಿಂದ ಗಾಳಿ ಮಾತ್ರ ಬಂತು. ಕೊನೆಗೆ ಹುಡುಗರೆಲ್ಲ ಸೇರಿ ಕೂಗಿದರು.

ಮೇಷ್ಟ್ರು ಜಾರಿ ಬಿದ್ದು ಹಳ್ಳದ ಅಂಚಿನ ಬೇರಿಗೆ ಸಿಕ್ಕಿಕೊಂಡಿದ್ದರು. ತೊಡೆಯ ಮೂಳೆ ಮುರಿದಿತ್ತು. ಅಕ್ಕ ತನ್ನ ಅಂಗಿ ಬಿಚ್ಚಿ ಅವರ ಕಾಲಿಗೆ ಕೋಲು ಕೊಟ್ಟು ಕಟ್ಟಿದ್ದಳು. ಬಂಡೆಯ ಹತ್ತಿರದಿಂದ ಫೋನ್ ಮಾಡಿದ ಮೇಲೆ ಕೆಳಗಿನಿಂದ ಜನ ಬಂದು, ಕಂಬಳಿಗೆ ಬೊಂಬು ಕಟ್ಟಿ, ಅವರನ್ನು ಗೇಟಿಗೆ ಹೊತ್ತು ತಂದರು. ಮಗಳು ಆಂಬುಲೆನ್ಸ್ ಹತ್ತುವ ಮುಂಚೆ ಅಕ್ಕನ ಎದುರು ನಿಂತು, “ನಿಮ್ಮನ್ನ ನಂಬಿ ಬಂದ್ವಲ್ರೀ” ಎಂದಳು. ಅಕ್ಕ ಕೈ ಮುಗಿದಳು.

ಗೇಟಿನಲ್ಲಿ ಇಲಾಖೆಯ ಸಾಹೇಬರು ಕೇಳಿದ್ದು ಒಂದೇ ಪ್ರಶ್ನೆ. “ಹಿಂದೆ ಯಾರಿದ್ರು?”

“ತಮ್ಮ ಇದ್ದ ಸಾರ್” ಎಂದಳು ಅಕ್ಕ. “ಮಂಜು ಬಂತು ಅಂತ ನಾನೇ ಅವನನ್ನು ಮುಂದೆ ಕರೆದೆ. ತಪ್ಪು ನಂದು.”

ಸಾಹೇಬರು ನನ್ನ ಕಡೆ ನೋಡಿದರು. “ಹೌದಾ?”

ನಾನು ತಲೆ ಆಡಿಸಿದೆ.

ಅವಳು ಕಾರ್ಡನ್ನು ಕುತ್ತಿಗೆಯಿಂದ ತೆಗೆದು ಮೇಜಿನ ಮೇಲಿಟ್ಟಳು. ಮರುವಾರದಿಂದ ಮತ್ತೆ ಎಸ್ಟೇಟಿನ ಕಳೆ ತೆಗೆಯುವ ಕೆಲಸಕ್ಕೆ ಹೋದಳು. ಬಹಳ ದಿನ ನನ್ನ ಜೊತೆ ಮಾತಾಡಲಿಲ್ಲ. ಅನ್ನ ಬಡಿಸುವಾಗ ಸೌಟನ್ನು ತಟ್ಟೆಗೆ ಕುಟ್ಟುವಳು, ಅಷ್ಟೇ.

ಚಹಾದಂಗಡಿಯಲ್ಲಿ ಒಬ್ಬ, “ಏನಾ, ನಿನ್ನ ಅಕ್ಕ ಒಬ್ಬರನ್ನ ಬೆಟ್ಟದ ಮೇಲೆ ಮರೆತು ಬಂದ್ಲಂತೆ? ಚೀಲ ಗೀಲ ಎಲ್ಲ ತಂದ್ಲಾ?” ಎಂದ. ಅಲ್ಲಿದ್ದವರೆಲ್ಲ ನಕ್ಕರು. ನಾನೂ ನಕ್ಕೆ. ಗೇಟಿನಲ್ಲಿ ತಲೆ ಆಡಿಸಿದ್ದಕ್ಕೆ ಹೆದರಿಕೆ ಕಾರಣ ಎನ್ನಬಹುದು. ಈ ನಗುವಿಗೆ ಏನು ಹೇಳಲಿ?

ಮುಂದಿನ ಸೀಸನ್ನಿಗೆ ಗೈಡ್ ಜಾಗ ಖಾಲಿಯಿತ್ತು. ದಾರಿ ಗೊತ್ತಿದ್ದವನು ನಾನು. ಕಾರ್ಡು ನನಗೆ ಸಿಕ್ಕಿತು. ಅಕ್ಕ, “ತಗೋ. ಬೇರೆಯವರಿಗೆ ಹೋಗೋದಕ್ಕಿಂತ ಮೇಲು” ಎಂದಳು. ಆ ಮಾತಿನಲ್ಲಿ ಸಿಟ್ಟಿತ್ತೋ ಪ್ರೀತಿಯಿತ್ತೋ ಇವತ್ತಿಗೂ ನನಗೆ ತಿಳಿದಿಲ್ಲ.

ಎಸ್ಟೇಟಿನ ಕಾಡಂಚಿನ ತೋಟದಲ್ಲಿ ಕೆಲಸ ಮಾಡುತ್ತಿದ್ದಾಗ ಅವಳಿಗೆ ಮಂಗನ ಕಾಯಿಲೆ ತಗುಲಿತು. ಉಣ್ಣಿ ಕಚ್ಚಿ ಬರುವ ಜ್ವರ ಅದು. “ಕಾಡಿಗೆ ಹೋಗೋ ಯಾರಿಗಾದ್ರೂ ಬರಬಹುದಿತ್ತು” ಎಂದು ಡಾಕ್ಟರು ಸಮಾಧಾನ ಹೇಳಿದರು. ನನ್ನಿಂದಾಗಿ ಅವಳು ಆ ತೋಟಕ್ಕೆ ಹೋದಳು ಎಂಬುದು ಅವರಿಗೆ ಗೊತ್ತಿರಲಿಲ್ಲ.

ಆಸ್ಪತ್ರೆಯಲ್ಲಿ ಒಂದು ಮಧ್ಯಾಹ್ನ ಜ್ವರ ಸ್ವಲ್ಪ ಇಳಿದಿತ್ತು. “ಅಕ್ಕ, ಆ ದಿನ...” ಎಂದು ಶುರು ಮಾಡಿದೆ.

“ಸುಮ್ನಿರಾ” ಎಂದಳು. ಆಮೇಲೆ ಅವಳೇ ಹೇಳಿದಳು. “ನಿನ್ನ ಕೂಗು ಹತ್ತಿರದಿಂದ ಬಂತು. ಕೊನೇಲಿ ಇರೋನ ಕೂಗು ಅಷ್ಟು ಹತ್ತಿರ ಇರಲ್ಲ. ನಂಗೆ ಅನುಮಾನ ಆಗಿತ್ತು ಮಾರಾಯ. ಮಳೆ ಬರೋ ಹಂಗಿತ್ತು, ಎಲ್ಲರನ್ನೂ ಬೇಗ ಮೇಲೆ ಮುಟ್ಟಿಸ್ಬೇಕು ಅಂತ ಹೊರಟುಬಿಟ್ಟೆ. ನಿಲ್ಲಬೇಕಿತ್ತು.”

“ನೀನು ಎಂತ ಮಾಡ್ತಿದ್ದೆ ಅದಕ್ಕೆ? ಸುಳ್ಳು ಕೂಗಿದವ ನಾನು.”

“ಹೌದು, ನೀನೇ” ಎಂದಳು. “ಅದನ್ನ ನಾನು ಇಲ್ಲ ಅಂದ್ನಾ?”

ಅಷ್ಟು ಹೇಳಿ ಆಚೆ ಹೊರಳಿ ಮಲಗಿದಳು. ಮತ್ತೆ ಜ್ವರ ಏರಿತು. ಆಮೇಲೆ ಅವಳು ಅರ್ಥವಾಗುವ ಮಾತು ಆಡಲಿಲ್ಲ. ನಾಲ್ಕು ದಿನಕ್ಕೆ ಹೋದಳು.

ಈ ಸಲ ಸೀಸನ್ ಶುರುವಾಗುವ ಮುಂಚೆ ಗೈಡ್‌ಗಳಿಗೆಲ್ಲ ಶೃಂಗೇರಿಯಲ್ಲಿ ಒಂದು ದಿನದ ತರಬೇತಿ ಇತ್ತು. ಹೊಸದಾಗಿ ಬಂದ ಸಾಹೇಬರು ಮಾತಾಡುತ್ತ, “ಇಲ್ಲೇ ಹಿಂದೆ ಒಬ್ಬ ಹೆಂಗಸು, ಕೊನೆಯಲ್ಲಿದ್ದವನನ್ನು ಮುಂದಕ್ಕೆ ಕರೆದು, ವಯಸ್ಸಾದವರೊಬ್ಬರನ್ನು ಕಾಡಿನಲ್ಲಿ ಬಿಟ್ಟು ಬಂದಿದ್ದರಂತೆ. ಅಂಥವರು ಗೈಡ್ ಆಗಬಾರದು” ಎಂದರು.

ನಾನು ಎದ್ದು ನಿಂತೆ. “ಸಾರ್, ಅವಳು ನನ್ನನ್ನು ಕರೆದಿರಲಿಲ್ಲ. ನಾನೇ ಬಿಟ್ಟು ಬಂದದ್ದು. ಎಲ್ಲರೂ ಇದ್ದಾರೆ ಅಂತ ಸುಳ್ಳು ಕೂಗು ಕೊಟ್ಟೆ. ಆಮೇಲೆ ಅವಳು ನನಗೋಸ್ಕರ ತಪ್ಪು ಒಪ್ಕೊಂಡ್ಲು.”

ಮುಂದೆ ಕೂತಿದ್ದ ಗೈಡ್ ಒಬ್ಬ, ಸಾಹೇಬರ ಹತ್ತಿರ ಬಗ್ಗಿ, “ಅವಳ ತಮ್ಮ ಸಾರ್. ಮೊನ್ನೆ ಮೊನ್ನೆ ತೀರಿಕೊಂಡ್ಲು” ಎಂದ. ಸಾಹೇಬರು ಕೆಳಗಿಳಿದು ಬಂದು ನನ್ನ ಹೆಗಲ ಮೇಲೆ ಕೈಯಿಟ್ಟರು.

“ಕೂತ್ಕೊಳ್ಳಪ್ಪ. ಹೋದವರ ಬಗ್ಗೆ ನಾನು ಹಾಗೆ ಮಾತಾಡಬಾರದಿತ್ತು. ಅಕ್ಕನ ಮೇಲೆ ಇಷ್ಟು ಪ್ರೀತಿ ಇರೋದು ದೊಡ್ಡದು.”

“ನಿಜ ಹೇಳ್ತಿದೀನಿ ಸಾರ್.”

“ಆಯ್ತಪ್ಪ, ಆಯ್ತು” ಎಂದು ನನಗೆ ನೀರು ತರಿಸಿದರು.

ಊಟದ ಬಿಡುವಿನಲ್ಲಿ ಒಬ್ಬೊಬ್ಬರಾಗಿ ಬಂದು ನನ್ನ ಬೆನ್ನು ತಟ್ಟಿದರು. ಚಹಾದಂಗಡಿಯಲ್ಲಿ ಅಂದು ತಮಾಷೆ ಮಾಡಿದವನೂ ಅಲ್ಲಿದ್ದ. “ಅಕ್ಕಂಗೋಸ್ಕರ ತಪ್ಪನ್ನ ಮೈಮೇಲೆ ಹಾಕ್ಕೊಂಡ್ಯಲ್ಲ ಮಾರಾಯ! ಒಡಹುಟ್ಟಿದವರು ಅಂದ್ರೆ ಹಿಂಗಿರ್ಬೇಕು” ಎಂದು ಕಣ್ಣು ಒರೆಸಿಕೊಂಡ. ಅವಳಿಗೆ ಒಬ್ಬರೂ ಹೇಳದ ಆ ಮಾತನ್ನು ನನಗೆ ಹೇಳಿದರು. ಊಟಕ್ಕೆ ಮೊದಲ ಪಂಕ್ತಿಯಲ್ಲಿ ಕೂರಿಸಿದರು.

ಬಾಯಿಮಾತನ್ನು ಯಾರೂ ನಂಬಲಿಲ್ಲವಾದ್ದರಿಂದ ಬರೆದಿದ್ದೇನೆ. ಮೇಷ್ಟ್ರನ್ನು ಮಂಜಿನಲ್ಲಿ ಬಿಟ್ಟು ಬಂದವನು ನಾನು. ಹುಡುಕಿ ತಂದವಳು ಅಕ್ಕ.