ಓದೋ ಅಕ್ಕ ಓದದೆ ಬಿಟ್ಟ ಸಾಲು

ಬಟ್ಟೆಯಾಗಿದ್ದರೆ ಆಕೆಯನ್ನು ನಾನು ನನ್ನ ಜವಳಿ ಅಂಗಡಿಗೆ ಇಳಿಸಿಕೊಳ್ಳುತ್ತಿರಲಿಲ್ಲ. ಅಗಲ ಕಡಿಮೆ, ಬಣ್ಣ ಮಂಕು, ಮುಟ್ಟಿದರೆ ಒರಟು. ಎಳೆದರೆ ಹರಿಯುವ ಜಾತಿಯಲ್ಲ ಎಂಬುದು ಮಾತ್ರ ನನ್ನಂಥ ವ್ಯಾಪಾರಿಗೂ ತಡವಾಗಿ ತಿಳಿಯಿತು.

ನನ್ನ ಅಂಗಡಿಯ ಪಕ್ಕದಲ್ಲೇ ಚಿತ್ರಮಂದಿರ. ಆಗಿನ್ನೂ ಚಿತ್ರಗಳಿಗೆ ಬಾಯಿ ಬಂದಿರಲಿಲ್ಲ. ಮಾತೆಲ್ಲ ಅಕ್ಷರವಾಗಿ ತೆರೆಯ ಮೇಲೆ ಮೂಡುತ್ತಿತ್ತು. ಓದು ಬಾರದವರೇ ಹೆಚ್ಚು, ಹಾಗಾಗಿ ಗಟ್ಟಿಯಾಗಿ ಓದಿ ಹೇಳಲು ಒಬ್ಬರು ಬೇಕು. ಆ ಕೆಲಸದಲ್ಲಿದ್ದ ಗಂಡ ತೀರಿಕೊಂಡ ಮೇಲೆ ಆಕೆಯೇ ಬಂದು ತೆರೆಯ ಪಕ್ಕ ನಿಂತಳು. ಕತ್ತಲಲ್ಲಿ, ಗಂಡಸರೆದುರು, ಹೆಂಗಸು ದನಿಯೆತ್ತುವುದೇ ಎಂದು ಊರು ಮೂಗು ಮುರಿಯಿತು. ಮುರಿಯುತ್ತಲೇ ಟಿಕೆಟ್ಟೂ ಕೊಂಡಿತು. ಎಲ್ಲರಿಗೂ ಆಕೆ ಓದೋ ಅಕ್ಕ.

ಒಂದು ಚಿತ್ರ ಬಂತು. ಹೊಡೆಯುವ ಗಂಡನನ್ನು ಬಿಟ್ಟವಳು ಹೊಲಿಗೆ ಮಾಡಿ ಬದುಕುತ್ತಾಳೆ. ಕೊನೆಯಲ್ಲಿ ಹಳೆಯ ಮನೆಯ ಹೊಸ್ತಿಲಿಗೆ ಬಂದು ಬಾಗುತ್ತಾಳೆ. ‘ತಪ್ಪು ನನ್ನದೇ, ಕ್ಷಮಿಸಿ’ ಎಂದು ತೆರೆಯ ಮೇಲೆ ಅಕ್ಷರ. ಅಕ್ಕ ಓದಿದ್ದು ಹೀಗೆ: “ಚಪ್ಪಲಿ ಇಲ್ಲೇ ಬಿಟ್ಟಿದ್ದೆ, ತಗೊಂಡು ಹೋಗೋಣ ಅಂತ ಬಂದೆ. ಇನ್ನು ಈ ಕಡೆ ತಲೆ ಹಾಕಲ್ಲ!”

ಹೆಂಗಸರ ಬೆಂಚುಗಳಲ್ಲಿ ಚಪ್ಪಾಳೆಯೋ ಚಪ್ಪಾಳೆ. ಮುಂದೆ ಕೂತಿದ್ದ ಮೇಷ್ಟ್ರು ಎದ್ದು ನಿಂತರು.

“ಏಯ್, ಅಲ್ಲಿ ಬರೆದಿರೋದೇ ಬೇರೆ!”

“ಕೂತ್ಕೊಳ್ಳಿ ಮೇಷ್ಟ್ರೇ, ನಿಮ್ಮ ತಲೆ ಅಡ್ಡ ಬರ್ತಿದೆ,” ಎಂದಿತು ಒಂದು ಹೆಣ್ಣು ದನಿ.

ಮರುದಿನ ಚಿತ್ರಮಂದಿರದ ಯಜಮಾನ ಆಕೆಯನ್ನು ಬಾಗಿಲಲ್ಲೇ ತಡೆದ. “ಏನಮ್ಮ, ಇದ್ದದ್ದನ್ನ ಇದ್ದ ಹಾಗೆ ಓದ್ತೀಯೋ, ಮನೆಗೆ ಹೋಗ್ತೀಯೋ?”

“ಹಾಗೆ ಓದೋಕೆ ಬಾಯಿ ಬರಲ್ಲ ಯಜಮಾನ್ರೇ. ಪಾಪ, ಅವಳು ಎಷ್ಟು ಕಷ್ಟಪಟ್ಟು ಹೊರಗೆ ಬಂದಿದಾಳೆ.”

“ಅದು ಬರೀ ಬೊಂಬೆ ಕಣಮ್ಮ!”

“ಬೊಂಬೆಗೊಂದು ಜೊತೆ ಚಪ್ಪಲಿ ಕೊಟ್ರೆ ನಿಮ್ಮ ಗಂಟೇನು ಹೋಯ್ತು?”

ಕೆಲಸ ಅಲ್ಲಿಗೇ ಮುಗಿಯಿತು. ಆಕೆಯ ಜಾಗಕ್ಕೆ ಬಂದವನು ಒಂದಕ್ಷರ ತಪ್ಪದೆ ಓದಿದ, ಜನ ಆಕಳಿಸಿದರು.

ಚಪ್ಪಾಳೆ ತಟ್ಟಿದವರಲ್ಲಿ ನನ್ನ ತಂಗಿಯೂ ಇದ್ದಳು. ಗಂಡ ತಿರುಚಿದ ಕೈ ಹೊತ್ತು ನಮ್ಮ ಮನೆಗೆ ಬಂದಿದ್ದವಳನ್ನು ಅಲ್ಲಿಗೇ ವಾಪಸು ಕಳಿಸಲು ಅಪ್ಪ ಗಾಡಿ ಗೊತ್ತು ಮಾಡಿದ್ದರು. ಗಾಡಿ ಬಂದು ನಿಂತರೂ ಅವಳು ಜಪ್ಪಯ್ಯ ಅಂದರೂ ಏಳಲಿಲ್ಲ.

“ನಾನು ಹೋಗಲ್ಲ ಅಪ್ಪ. ಆ ಅಕ್ಕ ಅಷ್ಟು ಜನರ ಮುಂದೆ ಹೇಳಿದ್ರು. ನಾನು ನಿಮ್ಮೊಬ್ಬರ ಮುಂದೆ ಹೇಳ್ಬಾರ್ದಾ?”

ಅಪ್ಪ ಹೊರಗೆ ಹೋಗಿ ಗಾಡಿಯವನ ಕೈಗೆ ಬಾಡಿಗೆ ಇಟ್ಟರು. ಗಾಡಿ ಖಾಲಿಯೇ ತಿರುಗಿತು.

ಇದನ್ನು ತಿಳಿಸೋಣವೆಂದು ನಾನೂ ತಂಗಿಯೂ ಹೋದಾಗ ಅಕ್ಕನ ಕೋಣೆಗೆ ಬೀಗವೂ ಇರಲಿಲ್ಲ. ಒಳಗೆ ಗೋಡೆಯಲ್ಲಿ ಬರೀ ಗೂಟಗಳು. ಯಾವ ಊರಿಗೆ ಹೋದಳೆಂದು ನೆರೆಯವರಿಗೂ ತಿಳಿಯದು. ಆ ಸಾಲಿನಿಂದ ತನ್ನ ಅನ್ನ ಹೋಯಿತೆಂದಷ್ಟೇ ಆಕೆಗೆ ಗೊತ್ತು. ಇನ್ನೊಬ್ಬಳ ಬದುಕು ಉಳಿಯಿತೆಂದು ಹೇಳುವವರು ಆಕೆಗೆ ಸಿಗಲೇ ಇಲ್ಲ.

ತಂಗಿ ಈಗ ಅಂಗಡಿಯ ಗಲ್ಲಾದಲ್ಲಿ ಕೂತು ನನ್ನನ್ನೇ ಗದರುತ್ತಾಳೆ. ನನಗೆ ತಂಗಿ ಉಳಿದದ್ದು ಓದೋ ಅಕ್ಕನಿಂದ.