ಅಕ್ಕನಿಗೆ ರೈಲು ಹತ್ತಿಸಿದ್ದು

ನಮ್ಮ ಕಡೆ ಬಸ್ಸಿನಲ್ಲಿ ಸೀಟು ಬೇಕಾದವರು ಮೊದಲು ಕಿಟಕಿಯಿಂದ ಟವೆಲ್ಲು ಎಸೆಯುತ್ತಾರೆ, ಆಮೇಲೆ ನಿಧಾನವಾಗಿ ತಾವು ಹತ್ತುತ್ತಾರೆ. ಟವೆಲ್ಲು ಬಿದ್ದ ಸೀಟು ಟವೆಲ್ಲಿನವರದು. ಎಲ್ಲೂ ಬರೆದಿಡದ ಈ ಕಾನೂನನ್ನು ಜನ ಎಷ್ಟು ಚೆನ್ನಾಗಿ ಪಾಲಿಸುತ್ತಾರೆಂದರೆ, ಹೊಲದ ಬದುವಿಗೂ ಇಷ್ಟೇ ಮರ್ಯಾದೆ ಸಿಕ್ಕಿದ್ದರೆ ಕೋರ್ಟಿನ ಎದುರಿನ ಹೋಟೆಲುಗಳು ಎಂದೋ ಮುಚ್ಚಿಹೋಗುತ್ತಿದ್ದವು. ಮಧುಗಿರಿ ಬಸ್ ಸ್ಟ್ಯಾಂಡಿನಲ್ಲಿ ಕಡಲೆಕಾಯಿ ಮಾರುವ ನಾನು ದಿನವೂ ಇದನ್ನು ನೋಡುತ್ತೇನೆ. ಆದ್ದರಿಂದ ಬಸ್ಸಿನ ವಿಷಯದಲ್ಲಿ ನನ್ನ ಮಾತನ್ನು ನೀವು ನಂಬಬಹುದು. ರೈಲಿನ ವಿಷಯದಲ್ಲಿ ನಂಬಬಾರದು. ಯಾಕೆಂದು ಹೇಳುತ್ತೇನೆ.

ಮಧುಗಿರಿ, ಸಿರಾ, ಕೊರಟಗೆರೆ, ಪಾವಗಡ, ಈ ನಾಲ್ಕು ತಾಲ್ಲೂಕಿನಲ್ಲಿ ಹುಟ್ಟಿದವರಿಗೆ ರೈಲು ಎಂದರೆ ಕಿವಿಯಿಂದ ಕೇಳುವ ಪದಾರ್ಥ. ಬರುತ್ತದೆ, ಬರುತ್ತದೆ ಎಂದು ಚಡ್ಡಿ ಹಾಕುವ ಕಾಲದಿಂದ ಕೇಳುತ್ತಿದ್ದೇನೆ. ಈಗ ಅಲ್ಲಲ್ಲಿ ಮಣ್ಣಿನ ಏರಿ ಎದ್ದಿದೆ. ಸದ್ಯಕ್ಕೆ ಅದರ ಮೇಲೆ ಕುರಿಗಳು ಸರಿಯಾದ ಸಮಯಕ್ಕೆ ಓಡಾಡುತ್ತಿವೆ. ಇಂಥ ಸೀಮೆಯಲ್ಲಿ ರೈಲು ಹತ್ತಿದವನ ಮಾತಿಗೆ ಒಂದು ತೂಕವಿರುತ್ತದೆ. ಆ ತೂಕಕ್ಕೆ ಆಸೆಪಟ್ಟು, ಕೆಲವು ವರ್ಷಗಳ ಹಿಂದೆ ದೂರದ ಮದುವೆಯೊಂದರಿಂದ ಬಸ್ಸಿನಲ್ಲಿ ಬಂದವನು, ಮಿಡಿಗೇಶಿಯಲ್ಲಿರುವ ನನ್ನ ಅಕ್ಕ ಹನುಮಕ್ಕನ ಮುಂದೆ ರೈಲಿನಲ್ಲಿ ಬಂದೆ ಎಂದುಬಿಟ್ಟೆ. ಸ್ಟೇಷನ್ನಿನವರೆಗೆ ಹೋಗಿದ್ದು ನಿಜ. ಬಸ್ಸಾದರೆ ತಪ್ಪಿ ಹತ್ತಿದರೂ ಹೋಲ್ಡಾನ್ ಎಂದರೆ ಕಂಡಕ್ಟರು ಬೈದು ಇಳಿಸುತ್ತಾನೆ. ಅಷ್ಟುದ್ದದ ರೈಲಿನಲ್ಲಿ ಯಾರಿಗೆ ಹೋಲ್ಡಾನ್ ಅನ್ನುವುದೋ ತಿಳಿಯದೆ ಹೆದರಿ ವಾಪಸ್ಸು ಬಂದಿದ್ದೆ.

ಅಕ್ಕ ನನ್ನನ್ನು ಎತ್ತಿಕೊಳ್ಳಲೆಂದು ಮೂರನೇ ಕ್ಲಾಸಿಗೆ ಶಾಲೆ ಬಿಟ್ಟವಳು. ಅವಳು ಬಿಟ್ಟಿದ್ದರಿಂದ ನಾನು ಏಳರವರೆಗೆ ಓದಿದೆ. ಓದಿದವನು ಸುಳ್ಳು ಹೇಳಬಹುದೆಂಬ ಅನುಮಾನ ಅವಳಿಗಿರಲಿಲ್ಲ, ಊರಿಗೆಲ್ಲ ಸಾರಿದಳು. ಆಮೇಲೆ ತಿರುಪತಿಗೆ ಹೊರಟವರೆಲ್ಲ ನನ್ನ ಸಲಹೆ ಕೇಳತೊಡಗಿದರು. ಬೇಗ ಹೋಗಿ, ಸಾಮಾನು ಜೋಪಾನ ಎನ್ನುತ್ತಿದ್ದೆ. ಆ ಸಲಹೆಯಿಂದ ಯಾರೂ ಕೆಟ್ಟಿಲ್ಲ.

ಕೆಟ್ಟಿದ್ದು ಈಚೆಗೆ. ಅಕ್ಕನ ಮಗಳು ಹುಬ್ಬಳ್ಳಿಯಲ್ಲಿ ತುಂಬಿದ ಬಸುರಿ. ಅಕ್ಕನಿಗೆ ಬಸ್ಸು ಆಗದು, ಮಧುಗಿರಿಗೆ ಬರುವಷ್ಟರಲ್ಲೇ ನಿಂಬೆಹಣ್ಣು ಮೂಸಿ ಮೂಸಿ ಸುಸ್ತಾಗುತ್ತಾಳೆ. "ನಿಂಗೆ ರೈಲು ಗೊತ್ತಲ್ಲ, ಕರ್ಕಂಡೋಗ್ಲಾ" ಎಂದು ಕೇಳಿದಳು. ವ್ಯಾಪಾರ ಎಂದೆ, ಕಾಲುನೋವು ಎಂದೆ, ಅಮಾವಾಸ್ಯೆ ಎಂದೆ. ನೆಪಗಳೆಲ್ಲ ಮುಗಿದಾಗ, ಬಸ್ಸಿನಲ್ಲಿ ಒಂದು ಬೆಳಗಿನ ದಾರಿಯಷ್ಟು ದೂರದ ಪಟ್ಟಣದಲ್ಲಿ ಹಳೆಯ ರೈಲ್ವೆ ಯಾರ್ಡೊಂದನ್ನು ಪಾರ್ಕು ಮಾಡಿಟ್ಟಿದ್ದಾರೆಂದು ಗಿರಾಕಿಯೊಬ್ಬರು ಹೇಳಿದರು. ಅಲ್ಲಿ ಬೋಗಿಯೊಳಗೆ ಕೂರಲು ಬಿಡುತ್ತಾರಂತೆ. ಅಕ್ಕನ ಆಸೆ ತೀರುತ್ತದೆ, ನನ್ನ ಮಾನ ಉಳಿಯುತ್ತದೆ ಎಂದು ಲೆಕ್ಕ ಹಾಕಿ, "ಬಾ, ರೈಲು ಹತ್ತುಸ್ತೀನಿ" ಎಂದೆ. ಅಕ್ಷರಕ್ಕೆ ಅಕ್ಷರ ನಿಜವಾದ ಮಾತು. ಅವಳು ಹುರಿಟ್ಟು, ಹಳೇ ಸೀರೆಯಲ್ಲಿ ಹೊಲಿದ ಮಗುವಿನ ಬಟ್ಟೆ ಎಲ್ಲ ತುಂಬಿದ ಚೀಲ ಹೊತ್ತು ಬಂದಳು. ಹುಬ್ಬಳ್ಳಿಗೇ ಹೊರಟಿದ್ದಾಳೆಂದು ಆ ಚೀಲ ನೋಡಿದಾಗಲೇ ಗೊತ್ತಾಯಿತು. ಆದರೂ ನಿಜ ಹೇಳದೆ, ಬಸ್ಸಿನಲ್ಲಿ ದಾರಿಯುದ್ದಕ್ಕೂ ಅವಳ ಕೈಗೆ ನಿಂಬೆಹಣ್ಣು ಕೊಡುತ್ತ ಹೋದೆ.

ಪಾರ್ಕು ಚೆನ್ನಾಗಿದೆ. ಹಳಿಗಳ ನಡುವೆ ಹುಲ್ಲು ಕತ್ತರಿಸಿ ಮಟ್ಟ ಮಾಡಿದ್ದಾರೆ, ಕರೀ ಇಂಜಿನ್ನಿಗೆ ಹೊಸ ಬಣ್ಣ ಬಳಿದಿದ್ದಾರೆ, ಇಂಜಿನ್ನಿಗೆ ನೀರು ತುಂಬುತ್ತಿದ್ದ ಕಂಬಕ್ಕೆ ಮಲ್ಲಿಗೆ ಬಳ್ಳಿ ಹಬ್ಬಿಸಿದ್ದಾರೆ. ಗೇಟಿನಲ್ಲಿ ಟಿಕೆಟ್ಟು ಕೊಟ್ಟರು. ಟಿಕೆಟ್ಟು ಕೈಗೆ ಬಂದದ್ದೇ ತಡ, ಅಕ್ಕ ಅಲ್ಲಿ ನಿಂತಿದ್ದ ಬೋಗಿಯ ಕಿಟಕಿಯೊಳಗೆ ಟವೆಲ್ಲು ಎಸೆದಳು. ನಾವು ಹತ್ತುವ ವೇಳೆಗೆ ಎದುರು ಸೀಟಿನಲ್ಲಿ ಗಂಡ ಹೆಂಡತಿ ಕೂತು ಫೋಟೋ ತೆಗೆದುಕೊಳ್ಳುತ್ತಿದ್ದರು. ಟವೆಲ್ಲಿನ ಸೀಟನ್ನು ಮುಟ್ಟಿರಲಿಲ್ಲ. ಕಾನೂನು ಅಲ್ಲಿಯವರೆಗೂ ನಡೆಯುತ್ತದೆಂದು ನನಗೆ ಹೆಮ್ಮೆಯಾಯಿತು. ಅದು ಬಹಳ ಹೊತ್ತು ಉಳಿಯಲಿಲ್ಲ.

ಅಕ್ಕ ಚೀಲವನ್ನು ಕಾಲ ಕೆಳಗೆ ಸೇರಿಸಿ, ಸೆರಗು ಬಿಗಿದು ಕೇಳಿದಳು. "ಎಷ್ಟೊತ್ಗೆ ಬುಡ್ತಾನಂತೆ?"

ನಾನು ಕಿಟಕಿಯಾಚೆ ಮಲ್ಲಿಗೆ ಬಳ್ಳಿ ನೋಡಿದೆ.

"ಇದು ಹೋಗಲ್ಲ ಅಜ್ಜಿ" ಎಂದಳು ಎದುರಿನ ಹೆಂಗಸು. "ಪಾರ್ಕಲ್ವಾ, ನೋಡೋಕೆ ಇಟ್ಟಿರೋದು."

ಅಕ್ಕ ನನ್ನ ಕಡೆ ತಿರುಗಿದಳು. ಚಲಿಸುವ ರೈಲಾಗಿದ್ದರೆ ಮುಂದಿನ ಸ್ಟೇಷನ್ನಿನಲ್ಲಿ ಇಳಿದುಹೋಗಬಹುದಿತ್ತು.

"ನಿಂಗೆ ಗೊತ್ತಿತ್ತೇನ್ಲಾ?"

"ಗೊತ್ತಿತ್ತು."

"ಮತ್ತೆ ಹುಬ್ಬಳ್ಳಿ?"

"ಅಕ್ಕಾ, ನಾನು ಯಾವತ್ತೂ ರೈಲು ಹತ್ತಿಲ್ಲ. ಹೆದ್ರಿಕೆ."

ಫೋಟೋ ತೆಗೆಯುತ್ತಿದ್ದ ಗಂಡ ಮೊಬೈಲು ಕೆಳಗಿಳಿಸಿದ. ಅಕ್ಕ ಚೀಲದ ಬಾಯಿ ಬಿಚ್ಚಿದಳು, ಮತ್ತೆ ಕಟ್ಟಿದಳು.

"ಆ ಮಗಾ ಅಲ್ಲಿ ದಿನಾ ದಾರಿ ನೋಡ್ತಾವ್ಳೆ. ಹೆದ್ರಿಕೆ ಅಂತ ಮೊದ್ಲೇ ಅಂದಿದ್ರೆ ನಾನೇ ನಿನ್ನ ಕರ್ಕಂಡೋಗ್ತಿದ್ದೆ ಕಣ್ಲಾ. ಎತ್ತಾಡ್ಸಿರೋಳಿಗೆ ಅದೇನು ದೊಡ್ಡದಾ?"

ಆಮೇಲೆ ನನ್ನನ್ನು ಬಿಟ್ಟು ಎದುರಿನವಳ ಜೊತೆ ಮಾತಿಗೆ ಕೂತಳು. ನಿಜವಾದ ಸ್ಟೇಷನ್ನು ಎಲ್ಲೈತೆ, ಟಿಕೆಟ್ಟು ಹೆಂಗೆ, ಯಾವ ಕಡೆ ನಿಲ್ಲಬೇಕು ಎಲ್ಲ ಕೇಳಿಕೊಂಡಳು. ನಾನು ಇಷ್ಟು ವರ್ಷ ಯಾರನ್ನೂ ಕೇಳಲು ನಾಚಿದ್ದನ್ನು ಅವಳು ಎಲೆ ಅಡಿಕೆ ಹಾಕಿಕೊಳ್ಳುವಷ್ಟರಲ್ಲಿ ಕಲಿತಳು. ಅಲ್ಲಿಂದ ನೇರ ಸ್ಟೇಷನ್ನಿಗೆ ಹೋಗಿ ಟಿಕೆಟ್ಟಿನ ಸಾಲಿನಲ್ಲಿ ಅವಳೇ ನಿಂತಳು, ಬೋರ್ಡು ಓದುವುದನ್ನು ಮಾತ್ರ ನನಗೆ ಬಿಟ್ಟಳು. ಓದಿದೆ. ಸರಿಯಾಗಿಯೇ ಓದಿದೆ, ಆದರೂ ಅವಳು ಇನ್ನೊಬ್ಬರನ್ನು ಕೇಳಿ ಖಚಿತ ಮಾಡಿಕೊಂಡಳು. ಅದನ್ನು ನಾನು ತಪ್ಪೆನ್ನಲಾರೆ.

ಹುಬ್ಬಳ್ಳಿ ಗಾಡಿ ಒಮ್ಮೆ ಜಗ್ಗಿ ಹೊರಟಾಗ ನಾನು ಕಿಟಕಿಯ ಕಂಬಿಯನ್ನು ಎರಡೂ ಕೈಯಲ್ಲಿ ಹಿಡಿದೆ. ಪಕ್ಕದಲ್ಲಿದ್ದ ಹುಡುಗಿ, ಇವರಿಗೆ ಹುಷಾರಿಲ್ವಾ ಎಂದು ಅಕ್ಕನನ್ನು ಕೇಳಿದಳು.

"ಏನಿಲ್ಲ ಕಣಮ್ಮ, ನನ್ನ ತಮ್ಮ. ಮೊದಲ್ನೇ ಸರ್ತಿ ಹತ್ತಾವ್ನೆ" ಎಂದಳು ಅಕ್ಕ, ತಾನು ರೈಲಿನಲ್ಲೇ ಹುಟ್ಟಿ ಬೆಳೆದವಳಂತೆ.

ಹುಡುಗಿ ನನ್ನ ಮುಖ ನೋಡಿದಳು. ಹೌದಮ್ಮ, ಮೊದಲನೇ ಸಲ, ಎಂದು ನಾನೂ ಹೇಳಿದೆ.