ಕ್ಯಾಸ್ಮಿರ್ ಲೋಬೊ ಅವರ ಹೆಸರು ಬರುವವರೆಗೆ

ಒಂದೇ ದೃಶ್ಯದಲ್ಲಿ ಬಂದು, ನಾಯಕನ ದಾರಿಯನ್ನೇ ತಿರುಗಿಸಿ ಮರೆಯಾಗುವ ಪೋಷಕ ನಟರಿಗೆ ಫ್ರೆಂಚ್ ಚಿತ್ರರಂಗದಲ್ಲಿ ಒಂದು ಮರ್ಯಾದೆಯಿದೆ. ಅಂಥ ಪಾತ್ರಗಳಲ್ಲಿ ಮೂರು ದಶಕ ದುಡಿದು ಈಗ ನಿವೃತ್ತರಾಗುತ್ತಿರುವ ಉಡುಪಿ ಮೂಲದ ಶ್ರೀ ಕ್ಯಾಸ್ಮಿರ್ ಲೋಬೊ ಅವರಿಗೆ ಆ ಮರ್ಯಾದೆ ಪರದೇಶದವರಿಂದ ಸಂದಿದೆ, ಮಸ್ಕತ್ತಿನ ಕನ್ನಡಿಗರಾದ ನಮ್ಮಿಂದ ಸಂದಿಲ್ಲ. ಅಭಿನಂದನ ಗ್ರಂಥಕ್ಕೆ ಈ ಮಾತು ಸಲ್ಲದೆಂದು ಸಂಪಾದಕರಿಗೆ ಅನ್ನಿಸಿದರೆ ಇಡೀ ಲೇಖನವನ್ನೇ ಕೈಬಿಡಲಿ, ಈ ವಾಕ್ಯವನ್ನು ಮಾತ್ರ ಮುಟ್ಟಬಾರದು.

ನಾನು ಮೈಸೂರಿನಿಂದ ಬಂದು ಇಲ್ಲಿನ ಖುರುಮ್ ಬಡಾವಣೆಯ ಫ್ರೆಂಚ್ ಹಡಗು ಕಂಪನಿಯೊಂದರ ಕಚೇರಿ ಸೇರಿದಾಗ ಅವರು ಅಲ್ಲಿ ಹಿರಿಯ ಗುಮಾಸ್ತರು. ಅಲ್ಲೇ ಆಡಿ ಆಡಿ ಕಲಿತ ಫ್ರೆಂಚ್ ಅವರದು. ಹಳೆಯ ಬಂದರು ಮತ್ರಾಕ್ಕೆ ಚಿತ್ರೀಕರಣಕ್ಕೆ ಬಂದ ಫ್ರೆಂಚ್ ತಂಡಕ್ಕೆ ದುಭಾಷಿಯಾಗಿ ಹೋದವರನ್ನು ನಿರ್ದೇಶಕರು ಕಸ್ಟಮ್ಸ್ ಅಧಿಕಾರಿಯ ಪಾತ್ರಕ್ಕೆ ನಿಲ್ಲಿಸಿದರು. ನಾಯಕ ಬೆವರುತ್ತ ನಿಂತಿರುವಾಗ ಅವನ ಮುಖವನ್ನೂ ನೋಡದೆ, ಸೀಲಿಗೆ ಉಫ್ ಎಂದು ಊದಿ ಒತ್ತುವ ಆ ಭಂಗಿ ಅವರದೇ ಕಲ್ಪನೆ. ಮುಂದೆ ಹಡಗಿನ ಅಡುಗೆಯವ, ಹೋಟೆಲಿನ ಮ್ಯಾನೇಜರ್, ಮರಳುಗಾಡಿನ ವೈದ್ಯ ಎಲ್ಲವೂ ಆದರು. ಅವರನ್ನು ಫ್ರಾನ್ಸಿನ ಮಾರ್ಸೇಲ್‌ವರೆಗೂ ಕರೆಸಿಕೊಂಡರು.

ಒಮ್ಮೆ ಅವರ ಚಿತ್ರೀಕರಣ ನೋಡಲು ಮತ್ರಾದ ಓಣಿಗೆ ಹೋಗಿದ್ದೆ. ತಾರೆಯರಿಗೆ ಡೇರೆ, ಗುಂಪಿನ ದೃಶ್ಯಕ್ಕೆ ಕರೆತಂದ ಕೂಲಿಯವರಿಗೆ ಸುಡುಬಿಸಿಲು. ಲೋಬೊ ಅವರು ತಮ್ಮ ಕುರ್ಚಿಯನ್ನು ಎತ್ತಿಕೊಂಡು ಹೋಗಿ ಆ ಬಿಸಿಲಿನಲ್ಲೇ ಕೂತುಬಿಟ್ಟರು. "ಯಲ್ಲಾ ಭಾಯ್, ಯಲ್ಲಾ!" ಎಂದು ಚಿತ್ರೀಕರಣದ ವ್ಯವಸ್ಥಾಪಕ ಉಸ್ಮಾನ್ ಅವಸರಿಸಿದ. ಅವರು ನನ್ನತ್ತ ತಿರುಗಿ, "ಇವರಿಗೆ ನೆರಳು ಆಗ್ಲಿ ಮಾರಾಯ್ರೆ, ಮತ್ತೆ ನಾನು ಏಳುದು" ಎಂದರು. ಟಾರ್ಪಾಲು ಬಂತು, ಆಮೇಲೆಯೇ ಎದ್ದರು.

ಇಂಥವರನ್ನು ನಮ್ಮ ಕನ್ನಡ ಸಂಘ ಎಲ್ಲಿ ನಿಲ್ಲಿಸಿತು? ಬಿರಿಯಾನಿ ಕೌಂಟರಿನಲ್ಲಿ! ಪ್ರತಿ ವಾರ್ಷಿಕೋತ್ಸವದಲ್ಲೂ ಅವರದೊಂದು ಚಿತ್ರ ತೋರಿಸುವುದು, ಕೊನೆಯ ದೃಶ್ಯಕ್ಕೆ ಮೊದಲೇ ಅವರನ್ನು ಊಟ ಬಡಿಸಲು ಎಬ್ಬಿಸುವುದು ನಮ್ಮ ಪದ್ಧತಿ. ಕತೆ ಮುಗಿಯಿತೋ ಇಲ್ಲವೋ, ಸಭಾಂಗಣದ ದೀಪಗಳೆಲ್ಲ ಹೊತ್ತಿಕೊಳ್ಳುತ್ತವೆ, ಮೈಕಿನಲ್ಲಿ "ಊಟಕ್ಕೆ ಬನ್ನಿ" ಎಂಬ ಕೂಗು, ಕುರ್ಚಿಗಳ ದಡಬಡ. ಪರದೆಯ ಮೇಲೆ ಬರುವ ನಟರ ಹೆಸರುಗಳು ಆ ಬೆಳಕಿನಲ್ಲಿ ಕಾಣದೆ ಸರಿದುಹೋಗುತ್ತವೆ. ಪ್ರಾಯೋಜಕರ ಹೆಸರನ್ನಾದರೋ ಎರಡೆರಡು ಸಲ ಓದುತ್ತೇವೆ. ನಾಚಿಕೆಯಾಗಬೇಕು ನಮಗೆ.

ಈ ಲೇಖನ ಕೇಳಲು ಫೋನ್ ಮಾಡಿದ ಸಂಘದ ಅಧ್ಯಕ್ಷ ರಾಜಗೋಪಾಲರು, "ಸಿನಿಮಾ ವಿಷಯ ಒಂದು ಪ್ಯಾರಾ ಸಾಕು ಸಾರ್, ಕೌಂಟರ್ ಎಷ್ಟು ಚೆನ್ನಾಗಿ ನೋಡ್ಕೊಂಡ್ರು ಅಂತ ಬರೀರಿ" ಎಂದಾಗ ನನ್ನ ಪಿತ್ತ ನೆತ್ತಿಗೇರಿತು. ಫೋನಿಟ್ಟವನೇ ಅಲ್ ಮಬೇಲಾದಲ್ಲಿರುವ ಲೋಬೊ ಅವರ ಮನೆಗೆ ಹೋದೆ. ಈ ಗ್ರಂಥದ ಬಿಡುಗಡೆ ಸಮಾರಂಭ ಮುಗಿದ ಮರುದಿನವೇ ದಂಪತಿಗಳು ಒಮಾನ್ ಬಿಟ್ಟು ಊರಿಗೆ ಹೋಗುವವರು. ಪೆಟ್ಟಿಗೆ ಕಟ್ಟುತ್ತಿದ್ದ ಶ್ರೀಮತಿ ರೋಸಲಿಂಡ್, "ಹೆಸ್ರು ಬರುವಾಗ ಇವರು ಒಂದು ಸಲ ಸಹ ನನ್ನ ಹತ್ರ ಕೂತದ್ದಿಲ್ಲ ನೋಡಿ. ಇನ್ನು ಊರಿಗೆ ಹೋದ್ರೆ ಈ ಜನ ಎಲ್ಲಿ, ಈ ಪರದೆ ಎಲ್ಲಿ?" ಎಂದರು.

"ಬಿಡು ರೋಸ್ಲಿ," ಎಂದರು ಲೋಬೊ, "ಪಾಪ, ಜನರಿಗೆ ಹಸಿವಾಗ್ತದಲ್ಲ."

ಅವರು ಬಿಡಲಿ, ನಾನು ಬಿಡುವುದಿಲ್ಲ. ಅವರಿಗೆ ಆಯುರಾರೋಗ್ಯ ತುಂಬಿರಲಿ, ಊರಿನಲ್ಲೂ ಯಾವುದಾದರೊಂದು ಕ್ಯಾಮೆರಾ ಅವರನ್ನು ಹುಡುಕಿಕೊಂಡು ಬರಲಿ ಎಂದು ಮನಸಾರೆ ಹಾರೈಸುತ್ತೇನೆ. ಆದರೆ ಹಾರೈಕೆಯೊಂದರಿಂದಲೇ ಈ ತಪ್ಪನ್ನು ತಿದ್ದಲಾಗದು. ಈ ಗ್ರಂಥ ಬಿಡುಗಡೆಯಾಗುವ ಸಂಜೆ ಅವರ ಕೊನೆಯ ಚಿತ್ರದ ಪ್ರದರ್ಶನವಿದೆ. ಅಂದು ಕೌಂಟರಿನಲ್ಲಿ ರಾಜಗೋಪಾಲರು ನಿಲ್ಲಲಿ. ದೀಪದ ಸ್ವಿಚ್ಚಿಗೆ ಅಡ್ಡವಾಗಿ ನಾನು ನಿಂತಿರುತ್ತೇನೆ. ಮುಂದಿನ ಸಾಲಿನಲ್ಲಿ ಪತ್ನಿಯ ಪಕ್ಕ ಕೂತು ಕ್ಯಾಸ್ಮಿರ್ ಲೋಬೊ ಅವರು ತಮ್ಮ ಹೆಸರನ್ನು ಓದಿ ಮುಗಿಸುವವರೆಗೆ ಯಾರೂ ಏಳಕೂಡದು. ಬಿರಿಯಾನಿ ಆರಿದರೆ ಆರಲಿ.